ಸ್ಪಾಟಿಂಗ್: ಸಂಗೀತ ಎಲ್ಲಿ ಬೇಕು, ಎಲ್ಲಿ ಬೇಡ

ಸಿನಿಮಾಕ್ಕೆ ಹಿನ್ನೆಲೆ ಸಂಗೀತ ಮಾಡುವವರು ಕೀಬೋರ್ಡ್ ಮುಟ್ಟುವ ಮೊದಲೇ ಮುಗಿಸಬೇಕಾದ ಕೆಲಸವೊಂದಿದೆ. ಅದೇ ಸ್ಪಾಟಿಂಗ್. ನಿರ್ದೇಶಕರ ಜೊತೆ ಕೂತು ಸಿನಿಮಾ ಪೂರ್ತಿ ನೋಡುವುದು, ಸಂಗೀತ ಎಲ್ಲಿ ಶುರುವಾಗಬೇಕು, ಎಲ್ಲಿ ನಿಲ್ಲಬೇಕು ಅಂತ ಗುರುತು ಹಾಕಿಕೊಳ್ಳುವುದು. ಹೀಗೆ ಗುರುತಾದ ಒಂದೊಂದು ತುಣುಕಿಗೆ ಕ್ಯೂ ಅಂತಾರೆ.

ಕೇಳಲು ಸುಲಭ. ಆದರೆ ಸಂಗೀತ ನಿರ್ದೇಶಕರ ನಿಜವಾದ ಪರೀಕ್ಷೆ ಇಲ್ಲೇ ಅಂತ ನನಗನ್ನಿಸುತ್ತದೆ. ಎಲ್ಲಿ ಬೇಡ ಅಂತ ಹೇಳುವುದು ಟ್ಯೂನ್ ಹಾಕುವುದಕ್ಕಿಂತ ಕಷ್ಟ.

ಕಾರವಾರದ ಬೈತಖೋಲ ಬಂದರಿನ ಒಂದು ದೃಶ್ಯ ಅಂದುಕೊಳ್ಳಿ. ಜೂನ್, ಜುಲೈನ 61 ದಿನದ ಮೀನುಗಾರಿಕೆ ನಿಷೇಧ ಮುಗಿದು ಬೋಟುಗಳು ಕಡಲಿಗೆ ಇಳಿದಿವೆ. ಒಂದು ಬೋಟ್ ಮಾತ್ರ ವಾಪಸ್ ಬಂದಿಲ್ಲ. ಹೆಂಗಸೊಬ್ಬಳು ಬುಟ್ಟಿ ಹಿಡಿದು ಧಕ್ಕೆಯ ಮೇಲೆ ನಿಂತಿದ್ದಾಳೆ. ದುಃಖದ ದೃಶ್ಯ ಅಲ್ವಾ, ಎಲ್ಲರಿಗೂ ಮೊದಲು ಹೊಳೆಯುವುದು ವಯಲಿನ್. ಆದರೆ ಅಲ್ಲಿ ಆಗಲೇ ಕಡಲಿದೆ. ಅಲೆಯ ಸದ್ದಿನಲ್ಲಿ ಕೆಳಗಿನ ಸ್ಥಾಯಿಯ ಗುಡುಗಿಂದ ಹಿಡಿದು ಮೇಲಿನ ಸ್ಥಾಯಿಯ ಸರಸರದವರೆಗೆ ಎಲ್ಲವೂ ಇರುತ್ತದೆ. ಮೆತ್ತಗಿನ ವಯಲಿನ್ ಅದರಲ್ಲಿ ಕಲಸಿಹೋಗುತ್ತದೆ. ಇನ್ನೂ ಮುಖ್ಯವಾದ ಕಾರಣವಿದೆ. ಅವಳ ಕಿವಿ ಇರುವುದು ಎಂಜಿನ್ ಸದ್ದಿನ ಕಡೆಗೆ. ನೋಡುವವರೂ ಅದನ್ನೇ ಕಾಯಬೇಕು. ವಯಲಿನ್ ಬಂದರೆ ಅವರು ಕಾಯುವುದು ಬಿಟ್ಟು ಅಳುವುದಕ್ಕೆ ತಯಾರಾಗುತ್ತಾರೆ. ಅವಳು ಮನೆಗೆ ಬಂದು ಬಾಗಿಲು ಹಾಕಿದಾಗ ಅಲೆಯ ಸದ್ದು ತಗ್ಗುತ್ತದೆ. ಸಂಗೀತಕ್ಕೆ ಜಾಗ ಇರುವುದು ಅಲ್ಲಿ.

ಸಣ್ಣ ಬಜೆಟ್ಟಿನ ಸಿನಿಮಾಕ್ಕಂತೂ ಈ ಲೆಕ್ಕಾಚಾರ ತುಂಬಾ ಮುಖ್ಯ. ಇಡೀ ಸಿನಿಮಾಕ್ಕೆ ಕಂಪ್ಯೂಟರಿನ ಸದ್ದು ಹಾಸುವ ಬದಲು, ಬೇಕಾದ ಕಡೆ ಮಾತ್ರ ಒಬ್ಬ ಕೊಳಲಿನವರನ್ನೋ ಮದ್ದಳೆಯವರನ್ನೋ ಕರೆಸಿ ನುಡಿಸಬಹುದು. ದುಡ್ಡು ಕಡಿಮೆ ಅಂದಮಾತ್ರಕ್ಕೆ ಸಂಗೀತ ಸೊರಗಬೇಕಿಲ್ಲ. ಬಿ.ವಿ. ಕಾರಂತರಿಗೆ 1977ರ ಸಾಲಿನ ರಾಷ್ಟ್ರಪ್ರಶಸ್ತಿ ಬಂದಿದ್ದು ‘ಘಟಶ್ರಾದ್ಧ’ದಂಥ ಸಣ್ಣ ಚಿತ್ರದ ಸಂಗೀತಕ್ಕೆ.

ನಮ್ಮ ಕಡೆ ಯಕ್ಷಗಾನ ನೋಡಿ ಬೆಳೆದವರಿಗೆ ಈ ಕೆಲಸ ಹೊಸದೇನಲ್ಲ. ಭಾಗವತರು ವೇಷಧಾರಿಯನ್ನು ನೋಡುತ್ತಲೇ ಪದ ಎಳೆಯುತ್ತಾರೆ, ನಿಲ್ಲಿಸುತ್ತಾರೆ. ಮಾತು ಶುರುವಾದರೆ ಚಂಡೆ ಸುಮ್ಮನಾಗುತ್ತದೆ. ಆದರೆ ಪರದೆಯ ಮೇಲಿನ ನಟ ಚಂಡೆ ಕೇಳಿ ಹೆಜ್ಜೆ ಬದಲಿಸಲಾರ. ಹಾಗಾಗಿ ಇಲ್ಲಿ ಎಲ್ಲವೂ ಮೊದಲೇ ಫ್ರೇಮ್ ಲೆಕ್ಕದಲ್ಲಿ, ಅಂದರೆ ಸಿನಿಮಾದ ಒಂದೊಂದು ಬಿಡಿ ಚಿತ್ರದ ಲೆಕ್ಕದಲ್ಲಿ ಕೂರಬೇಕು.

ಅದೇ ಹೆಂಗಸು ಬಾಗಿಲು ಹಾಕಿ 3 ಸೆಕೆಂಡು 8 ಫ್ರೇಮ್ ಆದಮೇಲೆ ದೀಪ ಹಚ್ಚುತ್ತಾಳೆ ಅನ್ನಿ. ಸೆಕೆಂಡಿಗೆ 24 ಫ್ರೇಮಿನಂತೆ ಒಟ್ಟು 80 ಫ್ರೇಮ್. ನಿಮಿಷಕ್ಕೆ 72 ಬಡಿತದ ಲಯ ಹಿಡಿದರೆ ಒಂದು ಬಡಿತಕ್ಕೆ 20 ಫ್ರೇಮ್. ಬಾಗಿಲಿಗೆ ಮೊದಲ ಬಡಿತ ಬಿದ್ದರೆ ದೀಪಕ್ಕೆ ಸರಿಯಾಗಿ ಐದನೆಯದು ಬೀಳುತ್ತದೆ. ಆಮೇಲೆ ಎಡಿಟರ್ ಅಲ್ಲಿ 10 ಫ್ರೇಮ್ ಕತ್ತರಿಸಿದರೆ ಲಯ ಅರ್ಧ ಬಡಿತ ತಪ್ಪುತ್ತದೆ. ಅದಕ್ಕೇ ಎಡಿಟ್ ಲಾಕ್ ಆಗುವ, ಅಂದರೆ ಇನ್ನು ಕತ್ತರಿ ಹಾಕುವುದಿಲ್ಲ ಅಂತ ಪಕ್ಕಾ ಆಗುವ ತನಕ ಸ್ಪಾಟಿಂಗಿಗೆ ಕೂರುವುದಿಲ್ಲ ಅಂತ ಅನುಭವಿಗಳು ಹಟ ಹಿಡಿಯುವುದು.