ಸತ್ತ ರಾಜನ ಜಾಗ, ಮುಂದಿನ ರಾಜನ ಲೆಕ್ಕ

2012ರಲ್ಲಿ ಇಂಗ್ಲೆಂಡಿನ ಲೆಸ್ಟರ್ ನಗರದ ಒಂದು ಕಾರ್ ಪಾರ್ಕಿಂಗ್ ಜಾಗವನ್ನು ಅಗೆದಾಗ ಅಸ್ಥಿಪಂಜರ ಸಿಕ್ಕಿತು. ಅದು 1485ರಲ್ಲಿ ಬಾಸ್ವರ್ತ್ ಯುದ್ಧದಲ್ಲಿ ಸತ್ತ ರಾಜ ಮೂರನೇ ರಿಚರ್ಡ್‌ನದು ಎಂದು ಡಿಎನ್‌ಎ ಪರೀಕ್ಷೆಯಿಂದ ಗೊತ್ತಾಯಿತು. ಜಗಳ ಶುರುವಾಗಿದ್ದು ಆಮೇಲೆ. ಅವನನ್ನು ಯಾರ್ಕ್‌ನಲ್ಲೇ ಹೂಳಬೇಕು ಎಂದು ದೂರದ ಸಂಬಂಧಿಕರು ಕೋರ್ಟಿಗೆ ಹೋದರು. 2014ರಲ್ಲಿ ಸೋತರು. ಮರುವರ್ಷ ಮಾರ್ಚ್‌ನಲ್ಲಿ ಲೆಸ್ಟರ್ ಕೆಥೆಡ್ರಲ್‌ನಲ್ಲಿ ಅವನ ಸಮಾಧಿ ಆಯಿತು.

ಐನೂರು ವರ್ಷ ಹಳೆಯ ಮೂಳೆಗೆ ಇಷ್ಟೊಂದು ಗಲಾಟೆ ಯಾಕೆ ಅನ್ನಿಸುತ್ತೆ, ಅಲ್ವಾ? ಆದರೆ ಆ ದೇಶದಲ್ಲಿ ಇದು ಹೊಸದಲ್ಲ. ರಾಜ ಎಲ್ಲಿ ಮಲಗಬೇಕು ಎನ್ನುವುದನ್ನು ಎಷ್ಟೋ ಸಲ ತೀರ್ಮಾನಿಸಿದ್ದು ಅವನ ನಂತರ ಗದ್ದುಗೆ ಏರಿದವರು.

ಶುರುವಿನ ರಾಜರು ತಾವು ಕಟ್ಟಿಸಿದ ಮಠವನ್ನೇ ಸಮಾಧಿಗೆ ಆರಿಸಿಕೊಳ್ಳುತ್ತಿದ್ದರು. 1087ರಲ್ಲಿ ಸತ್ತ ಮೊದಲನೇ ವಿಲಿಯಂನನ್ನು ಫ್ರಾನ್ಸಿನ ಕಾನ್‌ನಲ್ಲಿ ಹೂತರು. ಮೊದಲನೇ ಹೆನ್ರಿಯದು ರೆಡಿಂಗ್. ಮುಂದೆ ಮೂರನೇ ಹೆನ್ರಿ 1245ರಿಂದ ಲಂಡನ್ನಿನ ವೆಸ್ಟ್‌ಮಿನ್‌ಸ್ಟರ್ ಅಬೆ ಎಂಬ ಮಠದ ಚರ್ಚನ್ನು ಹೊಸದಾಗಿ ಕಟ್ಟಿಸಿದ. ಸಂತನೆನಿಸಿದ್ದ ರಾಜ ಎಡ್ವರ್ಡ್‌ನ ಸಮಾಧಿ ಅಲ್ಲಿತ್ತು. ಅವನ ಪಕ್ಕದಲ್ಲಿ ಜಾಗ ಸಿಗುವುದೇ ದೊಡ್ಡ ಗೌರವವಾಯಿತು.

ಗೌರವವನ್ನು ಕೊಡಬಹುದು ಎಂದಮೇಲೆ ಕೊಡದೆಯೂ ಇರಬಹುದು. ನಾಲ್ಕನೇ ಹೆನ್ರಿ ತನ್ನ ಸ್ವಂತ ದೊಡ್ಡಪ್ಪನ ಮಗನಾದ ಎರಡನೇ ರಿಚರ್ಡ್‌ನಿಂದ ಕಿರೀಟ ಕಿತ್ತುಕೊಂಡ. ರಿಚರ್ಡ್ 1400ರಲ್ಲಿ ಸೆರೆಯಲ್ಲಿ ಸತ್ತ. ಸತ್ತಿದ್ದಾನೆಂದು ಜನ ನಂಬಲಿ ಎಂದು ಶವವನ್ನು ಲಂಡನ್ನಿನಲ್ಲಿ ಎಲ್ಲರಿಗೂ ತೋರಿಸಿದರು. ಆಮೇಲೆ ದೂರದ ಕಿಂಗ್ಸ್ ಲ್ಯಾಂಗ್ಲಿಯಲ್ಲಿ ಹೂತರು. 1413ರಲ್ಲಿ ಪಟ್ಟಕ್ಕೆ ಬಂದ ಐದನೇ ಹೆನ್ರಿ ಆ ದೇಹವನ್ನು ವೆಸ್ಟ್‌ಮಿನ್‌ಸ್ಟರ್‌ಗೆ ತರಿಸಿದ. ಅಪ್ಪ ಮಾಡಿದ ತಪ್ಪಿನ ಭಾರ ಇಳಿಸಿಕೊಂಡ ಹಾಗೆ ನನಗೆ ಕಾಣುತ್ತದೆ.

ಆರನೇ ಹೆನ್ರಿಯ ಕತೆ ಇನ್ನೂ ವಿಚಿತ್ರ. 1471ರಲ್ಲಿ ಲಂಡನ್ ಟವರ್‌ನಲ್ಲಿ ಸತ್ತ ಅವನನ್ನು ಚರ್ಟ್ಸಿ ಮಠದಲ್ಲಿ ಹೂಳಲಾಯಿತು. ಅಲ್ಲಿ ಪವಾಡ ನಡೆಯುತ್ತದೆಂದು ಜನ ಬರತೊಡಗಿದರು. 1484ರಲ್ಲಿ ಇದೇ ಮೂರನೇ ರಿಚರ್ಡ್ ಅವನನ್ನು ವಿಂಡ್ಸರ್ ಕೋಟೆಗೆ ಸಾಗಿಸಿದ. ಈಗ ಅವನೂ ಅವನನ್ನು ಸೋಲಿಸಿದ ನಾಲ್ಕನೇ ಎಡ್ವರ್ಡ್‌ನೂ ಅಲ್ಲಿನ ಸೇಂಟ್ ಜಾರ್ಜ್ ಚಾಪೆಲ್‌ನಲ್ಲೇ ಇದ್ದಾರೆ.

ಜಂಭದ ರಾಜನಿಗೂ ಇದೇ ಗತಿ. ಎಂಟನೇ ಹೆನ್ರಿ ಭಾರಿ ಸಮಾಧಿಯ ಯೋಜನೆ ಹಾಕಿದ್ದ. ಅವನ ಮೂವರು ಮಕ್ಕಳೂ ಆಳಿದರು, ಒಬ್ಬರೂ ಮುಗಿಸಲಿಲ್ಲ. ಅದಕ್ಕೆಂದು ಇಟ್ಟಿದ್ದ ಕಪ್ಪು ಕಲ್ಲಿನ ಪೆಟ್ಟಿಗೆ ಈಗ ಲಂಡನ್ನಿನ ಸೇಂಟ್ ಪಾಲ್ಸ್ ಕೆಥೆಡ್ರಲ್‌ನಲ್ಲಿ ನೌಕಾಪಡೆಯ ನಾಯಕ ನೆಲ್ಸನ್‌ನ ಸಮಾಧಿಯ ಮೇಲಿದೆ. 1649ರಲ್ಲಿ ತಲೆ ಕಡಿಸಿಕೊಂಡ ಮೊದಲನೇ ಚಾರ್ಲ್ಸ್‌ಗೆ ವೆಸ್ಟ್‌ಮಿನ್‌ಸ್ಟರ್‌ನಲ್ಲಿ ಜಾಗ ಸಿಗಲಿಲ್ಲ. ವಿಂಡ್ಸರ್‌ನಲ್ಲಿ ಹೆನ್ರಿಯ ನೆಲಮಾಳಿಗೆಯಲ್ಲೇ ಇಟ್ಟರು.

ನನಗೆ ಜಾಸ್ತಿ ಕಾಡುವುದು ಎಂಟನೇ ಹೆನ್ರಿಯ ಹೆಣ್ಣುಮಕ್ಕಳಾದ ಮೇರಿ ಮತ್ತು ಎಲಿಜಬೆತ್. ಧರ್ಮದ ವಿಚಾರದಲ್ಲಿ ಎದುರುಬದುರಾದ ಅಕ್ಕ-ತಂಗಿಯರು. ಎಲಿಜಬೆತ್ ನಂತರ ಪಟ್ಟಕ್ಕೆ ಬಂದ ಮೊದಲನೇ ಜೇಮ್ಸ್ ವೆಸ್ಟ್‌ಮಿನ್‌ಸ್ಟರ್‌ನ ಒಂದು ಚಾಪೆಲ್‌ನಲ್ಲಿ ಇಬ್ಬರಿಗೂ ಒಂದೇ ಸಮಾಧಿ ಕಟ್ಟಿಸಿದ. ಮೇಲೆ ಮಲಗಿದ ಮೂರ್ತಿ ಮಾತ್ರ ಎಲಿಜಬೆತ್‌ಳದ್ದು. ಜೇಮ್ಸ್ ತನ್ನ ತಾಯಿ, ಎಲಿಜಬೆತ್ ಕೊಲ್ಲಿಸಿದ್ದ ಸ್ಕಾಟ್ಲೆಂಡಿನ ರಾಣಿ ಮೇರಿಯನ್ನು ಪೀಟರ್‌ಬರೋದಿಂದ 1612ರಲ್ಲಿ ತರಿಸಿ, ಅದೇ ಚಾಪೆಲ್‌ನಲ್ಲಿ ಇನ್ನೂ ದೊಡ್ಡ ಸಮಾಧಿ ಕೊಟ್ಟ.

ವೆಸ್ಟ್‌ಮಿನ್‌ಸ್ಟರ್‌ನಲ್ಲಿ ಹೂಳಲಾದ ಕೊನೆಯ ರಾಜ 1760ರ ಎರಡನೇ ಜಾರ್ಜ್. ಆಮೇಲೆ ಎಲ್ಲರೂ ವಿಂಡ್ಸರ್ ಕಡೆಗೇ. ವಿಕ್ಟೋರಿಯಾ ಗಂಡನಿಗಾಗಿ ವಿಂಡ್ಸರ್ ಬಳಿಯ ಫ್ರಾಗ್‌ಮೋರ್‌ನಲ್ಲಿ ಕಟ್ಟಿಸಿದ ಸಮಾಧಿ ಭವನದಲ್ಲೇ ತಾನೂ ಸೇರಿದಳು. 2022ರಲ್ಲಿ ಎರಡನೇ ಎಲಿಜಬೆತ್ ಸೇಂಟ್ ಜಾರ್ಜ್ ಚಾಪೆಲ್‌ನಲ್ಲಿ ಅಪ್ಪ, ಅಮ್ಮ, ಗಂಡನ ಜೊತೆ ಸೇರಿದರು. ತಂಗಿ ಮಾರ್ಗರೆಟ್‌ರ ಚಿತಾಭಸ್ಮವೂ ಅಲ್ಲೇ ಇದೆ.