ಸಿವಿಲ್ ಜೈಲು: ಡಿಕ್ರಿ ಹಣ ಕೊಡದವರಿಗೆ ಜೈಲು ಯಾವಾಗ?

ಭಾರತದಲ್ಲಿ ಕಕ್ಷಿದಾರನ ಕಷ್ಟ ಶುರುವಾಗುವುದೇ ಡಿಕ್ರಿ, ಅಂದರೆ ಕೋರ್ಟಿನ ತೀರ್ಪಿನ ಆದೇಶ, ಸಿಕ್ಕ ಮೇಲೆ ಎಂದು ಬ್ರಿಟಿಷ್ ಕಾಲದ ಅತ್ಯುನ್ನತ ನ್ಯಾಯಪೀಠವಾಗಿದ್ದ ಪ್ರಿವಿ ಕೌನ್ಸಿಲ್ 1872ರಲ್ಲೇ ಹೇಳಿತ್ತು. ಈಗಲೂ ಹಾಗೇ ಇದೆ. ಸಾಲದ ಕೇಸ್ ಗೆದ್ದರೆ ಕೈಗೆ ಬರುವುದು ಡಿಕ್ರಿಯ ಪ್ರತಿ, ದುಡ್ಡಲ್ಲ. ಸೋತವನು "ಸ್ವಾಮಿ, ನನ್ನ ಹತ್ತಿರ ಏನೂ ಇಲ್ಲ" ಎಂದು ಕೈ ಎತ್ತಿಬಿಡುತ್ತಾನೆ. ಗೆದ್ದವನು, ಅಂದರೆ ಡಿಕ್ರಿದಾರ, ಮತ್ತೆ ಕೋರ್ಟಿಗೆ ಹೋಗಿ ಡಿಕ್ರಿ ಜಾರಿ ಮಾಡಿಸಿ ಎಂದು ಅಮಲ್ಜಾರಿ ಅರ್ಜಿ ಹಾಕಬೇಕು. ಆ ಹೊತ್ತಿಗೆ ಸಿಟ್ಟಿನಲ್ಲಿ ಬರುವ ಮೊದಲ ಮಾತು: "ಅವನನ್ನ ಸಿವಿಲ್ ಜೈಲಿಗೆ ಹಾಕಿಸಿ!"

ಸಿವಿಲ್ ಜೈಲು ಅಂದರೆ ಡಿಕ್ರಿ ಹಣ ಕಟ್ಟದವನನ್ನು ವಸೂಲಿಗಾಗಿ ಬಂಧನದಲ್ಲಿ ಇಡುವುದು. ಸಿವಿಲ್ ಪ್ರಕ್ರಿಯಾ ಸಂಹಿತೆಯ (ಸಿಪಿಸಿ) 51ನೇ ಕಲಂ ಇದಕ್ಕೆ ದಾರಿ ಕೊಡುತ್ತದೆ. ಆದರೆ ಹಣ ಬಾಕಿ ಇದೆ ಅನ್ನುವುದೊಂದೇ ಸಾಲದು. ಅವನು ಊರು ಬಿಟ್ಟು ಓಡುವ ಹಾಗಿರಬೇಕು, ಇಲ್ಲವೇ ಕೇಸ್ ಹಾಕಿದ ಮೇಲೆ ಆಸ್ತಿಯನ್ನು ಮೋಸದಿಂದ ಬೇರೆಯವರ ಹೆಸರಿಗೆ ದಾಟಿಸಿರಬೇಕು. ಅಥವಾ ಡಿಕ್ರಿ ಆದ ಮೇಲೆ ಪೂರ್ತಿಯೋ ದೊಡ್ಡ ಪಾಲೋ ಕಟ್ಟುವಷ್ಟು ಶಕ್ತಿ ಇದ್ದೂ ಕಟ್ಟದೆ ಇರಬೇಕು. ನಂಬಿಕೆಯ ಮೇಲೆ ಬೇರೆಯವರ ಹಣ ನೋಡಿಕೊಳ್ಳುತ್ತಿದ್ದವನು ಅದರ ಲೆಕ್ಕ ಒಪ್ಪಿಸಬೇಕಾದಾಗಲೂ ಇದು ಅನ್ವಯಿಸುತ್ತದೆ.

ಇದರ ಮೇಲೆ ದಾರಿ ತೋರಿಸಿದ್ದು 1980ರ ಜಾಲಿ ಜಾರ್ಜ್ ವರ್ಗೀಸ್ ಮತ್ತು ಬ್ಯಾಂಕ್ ಆಫ್ ಕೊಚ್ಚಿನ್ ನಡುವಿನ ಕೇಸ್. ಸಾಲಗಾರರ ಸ್ಥಿರಾಸ್ತಿಯೆಲ್ಲ ಆಗಲೇ ಜಪ್ತಿಯಲ್ಲಿತ್ತು, ಆದರೂ ಬಂಧನದ ವಾರಂಟ್ ಹೊರಟಿತ್ತು. ಬಡತನ ಅಪರಾಧವಲ್ಲ ಎಂದ ಸುಪ್ರೀಂ ಕೋರ್ಟ್ ನ್ಯಾಯಮೂರ್ತಿ ಕೃಷ್ಣ ಅಯ್ಯರ್, ಸುಮ್ನೆ ಬಾಕಿ ಉಳಿಸಿಕೊಂಡ ಮಾತ್ರಕ್ಕೆ ಜೈಲಿಗೆ ಹಾಕಿದರೆ ಜೀವ ಮತ್ತು ಸ್ವಾತಂತ್ರ್ಯದ ಹಕ್ಕು ಕೊಡುವ ಸಂವಿಧಾನದ 21ನೇ ವಿಧಿಗೇ ಧಕ್ಕೆ ಎಂದರು. ಕೊಡಲಾಗದವನು ಬೇರೆ, ಕೊಡದೆ ಸತಾಯಿಸುವವನು ಬೇರೆ. ಜೈಲು ಎರಡನೆಯವನಿಗೆ ಮಾತ್ರ.

ಈ ಮಾತು ಸರಿಯೇ. ತೊಂದರೆ ಇರುವುದು ಅವನಿಗೆ ಶಕ್ತಿ ಇದೆ ಎಂದು ತೋರಿಸುವ ಹೊರೆ ಡಿಕ್ರಿದಾರನ ಮೇಲೆ ಬೀಳುವುದರಲ್ಲಿ. ಪಕ್ಕದ ಮನೆಯವನ ಬ್ಯಾಂಕ್ ಖಾತೆ ನಮಗೆ ಹೇಗೆ ಗೊತ್ತಾಗಬೇಕು, ಅಲ್ವಾ?

ಇಲ್ಲಿ ಕೆಲಸಕ್ಕೆ ಬರುವುದು ಸಿಪಿಸಿಯ 21ನೇ ಆದೇಶದ 41ನೇ ನಿಯಮ. ಡಿಕ್ರಿ ಆಗಿ 30 ದಿನ ಕಳೆದರೂ ಹಣ ಬರದಿದ್ದರೆ, ಸೋತವನು ತನ್ನ ಆಸ್ತಿಯ ವಿವರವನ್ನೆಲ್ಲ ಅಫಿಡವಿಟ್‌ನಲ್ಲಿ ಬರೆದುಕೊಡಲಿ ಎಂದು ಕೋರ್ಟನ್ನು ಕೇಳಬಹುದು. ಕೋರ್ಟ್ ಆದೇಶಿಸಿದ ಮೇಲೂ ಕೊಡದಿದ್ದರೆ 3 ತಿಂಗಳವರೆಗೆ ಸಿವಿಲ್ ಜೈಲು. ಆಗ ಕೇಳುವುದು ಹಣ ಇದೆಯೋ ಇಲ್ಲವೋ ಎಂದಲ್ಲ, ಆದೇಶವಾದ ಮೇಲೂ ಆಸ್ತಿಯ ವಿವರ ಯಾಕೆ ಕೊಡಲಿಲ್ಲ ಎಂದು. ನನ್ನ ಮಟ್ಟಿಗೆ ಬಂಧನದ ಅರ್ಜಿಗಿಂತ ಮೊದಲು ಹಾಕಬೇಕಾದ್ದು ಇದನ್ನೇ. ಅಫಿಡವಿಟ್ ಬಂದರೆ ಯಾವುದನ್ನು ಜಪ್ತಿ ಮಾಡಿಸಬೇಕು ಅನ್ನುವುದೂ ಗೊತ್ತಾಗುತ್ತದೆ.

ಜಪ್ತಿಗೂ ಮಿತಿ ಇದೆ. ಉಡುವ ಬಟ್ಟೆ, ಅಡುಗೆ ಪಾತ್ರೆ, ಹಾಸಿಗೆ, ಕುಶಲಕರ್ಮಿಯ ಸಲಕರಣೆ, ರೈತ ವಾಸಿಸುವ ಮನೆ, ಸರ್ಕಾರಿ ಪಿಂಚಣಿ, ಇವನ್ನೆಲ್ಲ ಮುಟ್ಟುವಂತಿಲ್ಲ. ಸಂಬಳದಲ್ಲಿ ಮೊದಲ 1,000 ರೂಪಾಯಿ ಮತ್ತು ಉಳಿದದ್ದರ ಮೂರನೇ ಎರಡು ಭಾಗ ಅವನಿಗೇ. 40,000 ಸಂಬಳ ಅಂದುಕೊಂಡರೆ ತಿಂಗಳಿಗೆ 13,000 ಹಿಡಿಯಬಹುದು. ಅದೂ ಒಂದು ಡಿಕ್ರಿಗೆ ಒಟ್ಟು 24 ತಿಂಗಳು ಮಾತ್ರ. ಜೀವನಾಂಶದ ಡಿಕ್ರಿಯಾದರೆ ಲೆಕ್ಕ ಬೇರೆ, ಸಂಬಳದ ಮೂರನೇ ಒಂದು ಭಾಗಕ್ಕಷ್ಟೇ ರಕ್ಷಣೆ.

ಇನ್ನು ಜೈಲಿನ ಲೆಕ್ಕ. ಡಿಕ್ರಿ ಮೊತ್ತ 5,000 ರೂಪಾಯಿಗಿಂತ ಜಾಸ್ತಿ ಇದ್ದರೆ ಗರಿಷ್ಠ 3 ತಿಂಗಳು. 2,000ದಿಂದ 5,000ದ ನಡುವೆ ಇದ್ದರೆ 6 ವಾರ. 2,000 ದಾಟದಿದ್ದರೆ ಜೈಲೇ ಇಲ್ಲ. ಹಣದ ಡಿಕ್ರಿಗಾಗಿ ಹೆಂಗಸರನ್ನು ಬಂಧಿಸುವಂತಿಲ್ಲ. ವಿಚಿತ್ರವೆಂದರೆ ಒಳಗಿರುವವನ ಊಟದ ಖರ್ಚನ್ನು ಡಿಕ್ರಿದಾರನೇ ಮುಂಗಡ ಕಟ್ಟಬೇಕು. ಕಟ್ಟುವುದು ನಿಂತರೆ ಅವನು ಹೊರಗೆ! ಹೊರಬಂದರೂ ಸಾಲ ತೀರಿತು ಅಂತಲ್ಲ, ಆಸ್ತಿ ಸಿಕ್ಕರೆ ಜಪ್ತಿ ಮಾಡಿಸಬಹುದು. ಅದೇ ಡಿಕ್ರಿಗೆ ಮತ್ತೆ ಬಂಧಿಸುವಂತಿಲ್ಲ, ಅಷ್ಟೇ.

ನಿಜಕ್ಕೂ ಬರಿಗೈಯಾದವನು ದಿವಾಳಿ ಅರ್ಜಿ ಹಾಕಿಕೊಳ್ಳಬಹುದು. ಬಂಧಿಸಿ ಕರೆತಂದಾಗ ಈ ದಾರಿ ಇದೆ ಎಂದು ಕೋರ್ಟೇ ಅವನಿಗೆ ತಿಳಿಸಬೇಕು.

ಅಮಲ್ಜಾರಿ ಅರ್ಜಿಯನ್ನು 6 ತಿಂಗಳಲ್ಲಿ ಮುಗಿಸಬೇಕು ಎಂದು ಸುಪ್ರೀಂ ಕೋರ್ಟ್ 2021ರ ರಾಹುಲ್ ಷಾ ಕೇಸಿನಲ್ಲಿ ಹೇಳಿದೆ. ಅದು ಕರ್ನಾಟಕದಿಂದಲೇ ಹೋದ ಜಮೀನಿನ ವ್ಯಾಜ್ಯ. ಅರ್ಜಿ ಹಾಕಲು ಡಿಕ್ರಿದಾರನಿಗೆ 12 ವರ್ಷ ಸಮಯವಿದೆ. ಇವತ್ತು ಏನೂ ಇಲ್ಲದವನ ಪಾಲಿಗೆ ಆ ಅವಧಿಯಲ್ಲಿ ಅಪ್ಪನ ಆಸ್ತಿ ಬಂದರೆ, ಡಿಕ್ರಿ ಅದರ ಮೇಲೂ ನಡೆಯುತ್ತದೆ.