ದ್ವಾರಭವನ: ಬಾಗಿಲಲ್ಲ, ಕಟ್ಟಡವೇ ದಾರಿ

ವೈಜ್ಞಾನಿಕ ಕಥೆ, ಭಯಾನಕ ಕಥೆ, ವಿಡಿಯೊ ಗೇಮ್ ಎಲ್ಲದರಲ್ಲೂ ಆಗಾಗ ಎದುರಾಗುವ ಒಂದು ಕಟ್ಟಡವಿದೆ. ಹೊರಗಿನಿಂದ ನೋಡಿದರೆ ಮಾಮೂಲಿ ಮನೆ, ಗೋಪುರ ಅಥವಾ ಪಾಳುಬಿದ್ದ ಬಂಗಲೆ. ಒಳಗೆ ಹೊಕ್ಕವರು ಹೊರಬೀಳುವುದು ಮಾತ್ರ ಬೇರೊಂದು ಆಯಾಮದಲ್ಲಿ. ಇಂಥದ್ದನ್ನು ಇಲ್ಲಿ ದ್ವಾರಭವನ ಎನ್ನೋಣ.

ಇದು ಪೋರ್ಟಲ್‌ನ ಇನ್ನೊಂದು ಹೆಸರಲ್ಲವೇ ಎಂದರೆ, ಪೂರ್ತಿ ಅಲ್ಲ. ಪೋರ್ಟಲ್ ಒಂದು ಕಿಂಡಿ. ಕಾಡಿನ ನಡುವೆಯೂ ತೆರೆಯಬಹುದು, ಬೀರುವಿನೊಳಗೂ ಇರಬಹುದು. ದ್ವಾರಭವನದಲ್ಲಿ ದಾಟಿಸುವ ಕೆಲಸ ಕಟ್ಟಡದ ರಚನೆಯದೇ: ಗೋಡೆಗಳ ಕೋನ, ಕೋಣೆಗಳ ಜೋಡಣೆ, ಮೆಟ್ಟಿಲು ಸಾಗುವ ದಿಕ್ಕು. ಒಂದು ಗೋಡೆ ಕೆಡವಿದರೆ ದಾರಿಯೂ ಕೆಡಬೇಕು. ದೆವ್ವದ ಮನೆಯೂ ಇದಲ್ಲ. ಅಲ್ಲಿ ಬೇರೆ ಲೋಕದ ಯಾವುದೋ ಬಂದು ಸೇರಿಕೊಂಡಿರುತ್ತದೆ. ಇಲ್ಲಿ ಮನೆಯೇ ಎರಡೂ ಕಡೆ ನಿಂತಿರುತ್ತದೆ.

ಕಟ್ಟಡದ ಮೂಲಕ ಲೋಕ ದಾಟುವ ಕಲ್ಪನೆ ಬಹಳ ಹಳೆಯದು. ಪ್ರಾಚೀನ ಈಜಿಪ್ಟಿನ ಸಮಾಧಿಗಳಲ್ಲಿ ‘ಹುಸಿ ಬಾಗಿಲು’ ಇರುತ್ತಿತ್ತು, ಸಾಮಾನ್ಯವಾಗಿ ಪಶ್ಚಿಮದ ಗೋಡೆಯಲ್ಲಿ. ಒಂದರೊಳಗೊಂದು ಕೂತ ಚೌಕಟ್ಟುಗಳು, ಮೇಲೆ ಸುತ್ತಿಟ್ಟ ಚಾಪೆಯ ಆಕಾರ, ಎಲ್ಲವೂ ಕಲ್ಲಿನಲ್ಲಿ ಕೆತ್ತಿದ್ದು. ತೆರೆಯುವ ಕದ ಮಾತ್ರ ಇಲ್ಲ. ಸತ್ತವನ ‘ಕಾ’ ಎಂಬ ಚೈತನ್ಯ ಅದರ ಮೂಲಕ ಬಂದು, ಮುಂದಿಟ್ಟ ಎಡೆಯನ್ನು ಸ್ವೀಕರಿಸುತ್ತದೆ ಎಂಬ ನಂಬಿಕೆ. ಆದರೆ ಅದು ಪರಲೋಕದ ಮಾತು. ಆಯಾಮದ ಲೆಕ್ಕ ಸೇರಿಕೊಂಡದ್ದು 19ನೇ ಶತಮಾನದಲ್ಲಿ.

ಗಣಿತದಲ್ಲಿ ಆಯಾಮವೆಂದರೆ ಇನ್ನೊಂದು ಲೋಕವಲ್ಲ, ಇನ್ನೊಂದು ದಿಕ್ಕು. ಉದ್ದ, ಅಗಲ, ಎತ್ತರ ಮೂರಕ್ಕೂ ಲಂಬವಾದ ನಾಲ್ಕನೆಯ ದಿಕ್ಕು. ಮನೆಯ ನಕ್ಷೆಯೊಂದನ್ನು ತೆಗೆದುಕೊಳ್ಳಿ. ಅದರಲ್ಲಿ ಬರೆದ ಕೋಣೆಯೊಳಗೆ ಕಾಗದದಷ್ಟೇ ಚಪ್ಪಟೆಯಾದ ಮನುಷ್ಯನಿದ್ದಾನೆ, ಸುತ್ತ ನಾಲ್ಕು ಗೆರೆ. ಅವನ ಪಾಲಿಗೆ ಅದು ಸೆರೆಮನೆ. ಮೇಲಿನಿಂದ ನೋಡುವ ನಮಗೆ ಆ ಕೋಣೆಗೆ ಮುಚ್ಚಳವೇ ಇಲ್ಲ. ಅವನನ್ನು ಎತ್ತಿ ಪಕ್ಕದ ಕೋಣೆಯಲ್ಲಿಟ್ಟರೆ, ಅಲ್ಲಿದ್ದವರ ಕಣ್ಣಿಗೆ ಅವನು ಗೋಡೆ ತೂರಿ ಬಂದಂತೆ. ಹಾಗೆಯೇ ನಾಲ್ಕನೆಯ ದಿಕ್ಕಿನಲ್ಲಿ ನಿಂತವರಿಗೆ ಬೀಗ ಹಾಕಿದ ನಮ್ಮ ಕೋಣೆಯೂ ಬಟಾಬಯಲು. ಆ ದಿಕ್ಕಿಗೆ ಹೊರಳುವ ಮೆಟ್ಟಿಲೊಂದನ್ನು ಕಟ್ಟಡದಲ್ಲಿ ಇಟ್ಟರೆ ದ್ವಾರಭವನ ಸಿದ್ಧ.

ಗಣಿತಜ್ಞ ಚಾರ್ಲ್ಸ್ ಹಿಂಟನ್ 1888ರಲ್ಲಿ ‘ಟೆಸೆರಾಕ್ಟ್’ ಎಂದು ಹೆಸರಿಟ್ಟ ನಾಲ್ಕು ಆಯಾಮದ ಆಕೃತಿ ಇದಕ್ಕೆ ಹೇಳಿ ಮಾಡಿಸಿದಂತಿದೆ. ಚೌಕಕ್ಕೆ ಅಂಚಾಗಿ 4 ಗೆರೆ, ಘನಕ್ಕೆ 6 ಚೌಕ, ಟೆಸೆರಾಕ್ಟ್‌ಗೆ 8 ಘನ. ರಟ್ಟಿನ ಡಬ್ಬಿಯನ್ನು ಬಿಚ್ಚಿ ಚಪ್ಪಟೆ ಹರವುವಂತೆ ಇದನ್ನೂ ಬಿಚ್ಚಿದರೆ 8 ಘನಗಳ ಗೋಪುರ ಸಿಗುತ್ತದೆ. ರಾಬರ್ಟ್ ಹೈನ್‌ಲೈನ್ 1941ರ ಸಣ್ಣಕಥೆಯೊಂದರಲ್ಲಿ ಒಬ್ಬ ವಾಸ್ತುಶಿಲ್ಪಿಯ ಕೈಯಲ್ಲಿ ಇಂಥದೇ ಮನೆ ಕಟ್ಟಿಸುತ್ತಾರೆ. ರಾತ್ರಿ ಭೂಕಂಪವಾಗಿ ಮನೆ ಮಡಚಿಕೊಳ್ಳುತ್ತದೆ. ಬೆಳಗ್ಗೆ ನೋಡಿದರೆ ಒಂದೇ ಘನ ನಿಂತಿದೆ. ಒಳಗೆ ಹೋದರೆ ಎಂಟೂ ಕೋಣೆ ಹಾಗೆಯೇ ಇವೆ. ಒಂದು ಕಿಟಕಿ ತೆರೆದರೆ ಕೆಳಗೆ ದೂರದ ನಗರದ ಗಗನಚುಂಬಿ, ಇನ್ನೊಂದರಾಚೆ ಏನೆಂದರೆ ಏನೂ ಇಲ್ಲ, ಕತ್ತಲು ಕೂಡ.

ಬೇರೆ ಬಗೆಗಳೂ ಇವೆ. ಎಚ್.ಪಿ. ಲವ್‌ಕ್ರಾಫ್ಟ್‌ನ 1933ರ ಕಥೆಯಲ್ಲಿ ಮಾಟಗಾತಿಯ ಹಳೇ ಕೋಣೆಯ ವಿಚಿತ್ರ ಕೋನಗಳೇ ದಾರಿ ತೋರುತ್ತವೆ. 1963ರಲ್ಲಿ ಶುರುವಾದ ಬ್ರಿಟಿಷ್ ಟಿವಿ ಧಾರಾವಾಹಿ ‘ಡಾಕ್ಟರ್ ಹೂ’ದಲ್ಲಿ ಹೊರಗೆ ಪೊಲೀಸ್ ಕರೆಪೆಟ್ಟಿಗೆ (ಪೊಲೀಸರಿಗೆ ಫೋನ್ ಮಾಡಲು ಬೀದಿಯಲ್ಲಿಟ್ಟ ಗೂಡು), ಒಳಗೆ ವಿಶಾಲ ಕೋಣೆಗಳು. ನನ್ನ ಮಟ್ಟಿಗೆ ಕೋನ, ಅಳತೆ, ಜೋಡಣೆಯ ನಿಯಮ ಇರುವ ಭವನಗಳೇ ನೆನಪಿನಲ್ಲಿ ಉಳಿಯುವುದು. ಬಾಗಿಲ ಸಂದಿಯಿಂದ ನೀಲಿ ಬೆಳಕು ಸೂಸಿ ನಾಯಕ ಮಾಯವಾಗುವ ದೃಶ್ಯಕ್ಕೆ ಕಟ್ಟಡವೇ ಬೇಕಿರಲಿಲ್ಲ, ಒಂದು ಬಚ್ಚಲಾದರೂ ಸಾಕಿತ್ತು.

ಭೌತವಿಜ್ಞಾನದ ಬೆಂಬಲ ಇದೆಯೇ? ದೂರದ ಎರಡು ಜಾಗಗಳನ್ನು ಜೋಡಿಸುವ ಸುರಂಗದಂಥ ವರ್ಮ್‌ಹೋಲ್‌ನ ಹೆಸರು ಎತ್ತುವವರುಂಟು. ಐನ್‌ಸ್ಟೈನ್ ಮತ್ತು ನೇಥನ್ ರೋಸೆನ್ 1935ರಲ್ಲಿ ಅಂಥ ಸೇತುವೆಯ ಗಣಿತ ಕೊಟ್ಟರು. ಒಬ್ಬರು ದಾಟಿ ಹೋಗುವಷ್ಟು ಹೊತ್ತು ಅದು ತೆರೆದಿರಬೇಕಾದರೆ ಋಣ ಶಕ್ತಿಯ ವಿಚಿತ್ರ ದ್ರವ್ಯ ಬೇಕೆಂದು ಮೈಕೇಲ್ ಮಾರಿಸ್, ಕಿಪ್ ಥಾರ್ನ್ 1988ರಲ್ಲಿ ತೋರಿಸಿದರು. ಇಟ್ಟಿಗೆ ಗಾರೆಯ ಕೆಲಸವಂತೂ ಅಲ್ಲ. ಅದಿರಲಿ, ದಾಟಿದ ಮೇಲೆ ಅಲ್ಲೇನಿರುತ್ತದೆ? ದಿಕ್ಕುಗಳು ಮೂರಕ್ಕಿಂತ ಹೆಚ್ಚಿದ್ದರೆ ಗ್ರಹಗಳಿಗೆ ಸ್ಥಿರ ಕಕ್ಷೆ ಸಿಗದು ಎಂದು ಭೌತವಿಜ್ಞಾನಿ ಪಾಲ್ ಎರೆನ್‌ಫೆಸ್ಟ್ 1917ರಲ್ಲೇ ಲೆಕ್ಕ ಹಾಕಿದ್ದರು. ಒಂದೋ ಸೂರ್ಯನಿಗೆ ಬೀಳಬೇಕು, ಇಲ್ಲವೇ ದೂರ ಹಾರಿಹೋಗಬೇಕು. ಕಥೆಗಾರರು ಆಚೆ ಕಡೆ ಹಾಯಾಗಿ ಬೆಟ್ಟ, ಹೊಳೆ, ಸೂರ್ಯೋದಯ ಬರೆದುಬಿಡುತ್ತಾರೆ.

ವಾಪಸು ಬಂದವನ ಗತಿ ಇನ್ನೂ ಮಜವಾಗಿದೆ. ಬಲಗೈ ಕೈಗವಸನ್ನು ನಾಲ್ಕನೆಯ ಆಯಾಮದಲ್ಲಿ ಹೊರಳಿಸಿದರೆ ಎಡಗೈಯದಾಗಿ ಬರುತ್ತದೆ; ಕನ್ನಡಿಬಿಂಬಗಳನ್ನು ಹೀಗೆ ಹೊಂದಿಸಬಹುದೆಂದು ಗಣಿತಜ್ಞ ಮೊಬಿಯಸ್ 1827ರಲ್ಲೇ ಗಮನಿಸಿದ್ದ. ಎಚ್.ಜಿ. ವೆಲ್ಸ್‌ನ 1896ರ ಕಥೆಯೊಂದರಲ್ಲಿ ಶಾಲಾಮಾಸ್ತರನೊಬ್ಬ ಹೀಗೇ ಹೋಗಿಬಂದು, ಹೃದಯ ಬಲಕ್ಕೆ ಬಂದಿರುತ್ತದೆ. ಹೃದಯದ ಜಾಗ ದೊಡ್ಡ ಸಮಸ್ಯೆಯಲ್ಲ. ಕೆಲವು ಅಣುಗಳಿಗೂ ಎಡಗೈ, ಬಲಗೈಯಂತೆ ಒಂದಕ್ಕೊಂದು ಕನ್ನಡಿಬಿಂಬವಾದ ಎರಡು ರೂಪಗಳುಂಟು; ನಮ್ಮ ಪ್ರೋಟೀನುಗಳನ್ನು ಕಟ್ಟುವ ಅಮೈನೊ ಆಮ್ಲಗಳು ‘ಎಡಗೈ’ ಬಗೆಯವು. ಹೊರಳಿ ಬಂದವನ ಮೈಯಲ್ಲಿ ಅವೆಲ್ಲ ‘ಬಲಗೈ’ ಬಗೆಯವಾಗಿ, ಅವನ ಕಿಣ್ವಗಳು ಇಲ್ಲಿನ ಪ್ರೋಟೀನನ್ನು ಜೀರ್ಣಿಸಲಾರವು. ಹೊಟ್ಟೆ ತುಂಬ ತಿಂದರೂ ಮೈಗೆ ಹತ್ತದು. ಮತ್ತೊಮ್ಮೆ ಹೊರಳಿಸಿದರೆ ಸರಿಹೋಗುತ್ತಾನೆ. ಹಾಗಾಗಿ ಇಂಥ ಕಥೆ ಬರೆಯುವವರು ಪಾತ್ರ ಎಷ್ಟು ಸಲ ಹೊರಳಿತು ಎಂಬ ಲೆಕ್ಕ ಇಟ್ಟುಕೊಳ್ಳುವುದು ಒಳ್ಳೆಯದು: ಸಮಸಂಖ್ಯೆಯಾದರೆ ಮಾತ್ರ ಊಟಕ್ಕೆ ಕೂರಿಸಬಹುದು.